ಮಂಗಳೂರಿನ ದಾರಿ ಕಾದ ಹಡಗು

ಟಿಪ್ಪು ಸುಲ್ತಾನ್ ಎಂದೊಡನೆ ನಮಗೆಲ್ಲ ನೆನಪಾಗುವುದು ಶ್ರೀರಂಗಪಟ್ಟಣದ ಕೋಟೆ, ರಾಕೆಟ್ ಮತ್ತು ಹುಲಿ. ಸಮುದ್ರ ನೆನಪಾಗುವುದಿಲ್ಲ. ಬಸವಾಪಟ್ಟಣದಲ್ಲಿ ಬೆಳೆದ ನನಗಂತೂ ಸಮುದ್ರ ಬಹಳ ದೂರದ ಮಾತು. ಆದರೆ ಮೂರನೇ ಮೈಸೂರು ಯುದ್ಧದ ಪಾಠ ಓದುವಾಗ ಒಂದು ಪ್ರಶ್ನೆ ಬಂತು: ಮಂಗಳೂರು ಬಂದರು ಸುಲ್ತಾನರ ಕೈಯಲ್ಲೇ ಇದ್ದಾಗ, ಸಮುದ್ರದ ದಾರಿಯೂ ಅವರದೇ ಆಗಿತ್ತೇ? ಉತ್ತರ ಹುಡುಕುತ್ತಾ ಹೋದಾಗ ನನಗೆ ಸಿಕ್ಕಿದ್ದು ಒಂದು ಬ್ರಿಟಿಷ್ ಹಡಗಿನ ಕಥೆ.

ಹಡಗಿನ ಹೆಸರು ಫೀನಿಕ್ಸ್. 1783ರಲ್ಲಿ ಇಂಗ್ಲೆಂಡಿನ ಬರ್ಸಲ್ಡನ್ ಎಂಬಲ್ಲಿ ನೀರಿಗಿಳಿದ ಇದು 36 ತೋಪುಗಳ ಫ್ರಿಗೇಟ್. ಫ್ರಿಗೇಟ್ ಎಂದರೆ ಮೂರು ಕಂಬಗಳ, ಹಾಯಿಯಿಂದ ಓಡುವ ಯುದ್ಧನೌಕೆ. ದೊಡ್ಡ ಯುದ್ಧನೌಕೆಗಳು ಸಾಲುಗಟ್ಟಿ ನಿಂತು ಹೋರಾಡುತ್ತಿದ್ದವು. ಅವುಗಳಿಗಿಂತ ಚಿಕ್ಕದಾದ, ವೇಗವಾದ ಫ್ರಿಗೇಟಿನ ಕೆಲಸ ಬೇರೆ: ಶತ್ರುವನ್ನು ಹುಡುಕುವುದು, ಸುದ್ದಿ ಒಯ್ಯುವುದು, ವ್ಯಾಪಾರದ ಹಡಗುಗಳನ್ನು ಕಾಯುವುದು ಅಥವಾ ತಡೆಯುವುದು.

1791ರ ನವೆಂಬರಿನಲ್ಲಿ ಫೀನಿಕ್ಸ್ ನಮ್ಮ ಪಶ್ಚಿಮ ಕರಾವಳಿಯಲ್ಲಿತ್ತು. ಬ್ರಿಟಿಷ್ ನೌಕಾದಳದ ನಾಯಕ ವಿಲಿಯಂ ಕಾರ್ನ್‌ವಾಲಿಸ್. ಸುಲ್ತಾನರ ಮೇಲೆ ಯುದ್ಧ ಮಾಡುತ್ತಿದ್ದ ಗವರ್ನರ್ ಜನರಲ್ ಲಾರ್ಡ್ ಕಾರ್ನ್‌ವಾಲಿಸ್ ಇವನ ಅಣ್ಣ. ಅಣ್ಣ ನೆಲದ ಮೇಲೆ ಮುತ್ತಿಗೆ ಹಾಕಿದರೆ, ತಮ್ಮ ಸಮುದ್ರದಲ್ಲಿ ದಾರಿ ಕಾಯುತ್ತಿದ್ದ.

ನವೆಂಬರ್ 18ರಂದು ಮಾಹೆಯಿಂದ ಫ್ರೆಂಚ್ ಫ್ರಿಗೇಟ್ ರೆಸೊಲ್ಯೂ ಎರಡು ವ್ಯಾಪಾರಿ ಹಡಗುಗಳೊಂದಿಗೆ ಮಂಗಳೂರಿನ ಕಡೆ ಹೊರಟಿತು. ಅವು ಟಿಪ್ಪು ಸುಲ್ತಾನರಿಗೆ ಯುದ್ಧಸಾಮಗ್ರಿ ಒಯ್ಯುತ್ತಿವೆ ಎಂದು ಬ್ರಿಟಿಷರಿಗೆ ಅನುಮಾನ. ತಲಶ್ಶೇರಿ ಬಳಿ ಫೀನಿಕ್ಸ್ ಮತ್ತು ಪರ್ಸವೆರೆನ್ಸ್ ಎಂಬ ಇನ್ನೊಂದು ಫ್ರಿಗೇಟ್ ಅವುಗಳನ್ನು ಬೆನ್ನಟ್ಟಿದವು. ಫೀನಿಕ್ಸ್‌ನ ಕಪ್ತಾನ ಸರ್ ರಿಚರ್ಡ್ ಸ್ಟ್ರಾಹನ್ ತಪಾಸಣೆಗೆ ದೋಣಿ ಕಳುಹಿಸಿದ. ಆಗ ಬ್ರಿಟನ್ ಮತ್ತು ಫ್ರಾನ್ಸ್ ನಡುವೆ ಯುದ್ಧವೇ ಇರಲಿಲ್ಲ. ಹಾಗಾಗಿ ಫ್ರೆಂಚ್ ಕಪ್ತಾನ ಇದು ಅವಮಾನವೆಂದು ತಿಳಿದು ಗುಂಡು ಹಾರಿಸಿದ. ಫೀನಿಕ್ಸ್‌ನ ತೋಪುಗಳು ಹೆಚ್ಚು ಭಾರದ ಗುಂಡು ಹಾರಿಸುವಂಥವು. ಸ್ವಲ್ಪ ಹೊತ್ತಿನಲ್ಲೇ ರೆಸೊಲ್ಯೂ ಸೋತಿತು. ಅದರಲ್ಲಿ 25 ಜನ, ಫೀನಿಕ್ಸ್‌ನಲ್ಲಿ 6 ಜನ ಸತ್ತರು. ಬಳಿಕ ವ್ಯಾಪಾರಿ ಹಡಗುಗಳನ್ನು ಹುಡುಕಿದರೆ ಯುದ್ಧಸಾಮಗ್ರಿ ಏನೂ ಸಿಗಲಿಲ್ಲ!

ನನ್ನ ಪ್ರಶ್ನೆಗೆ ಉತ್ತರ ಇಲ್ಲಿದೆ. ಬಂದರು ನಮ್ಮದಾದರೆ ಸಾಲದು, ಅಲ್ಲಿಗೆ ಬರುವ ದಾರಿ ಕಾಯುವ ಹಡಗೂ ಬೇಕು. ಹೈದರ್ ಅಲಿಯವರು ಮಂಗಳೂರಿನಲ್ಲಿ ಕಟ್ಟಿದ್ದ ನೌಕಾದಳವನ್ನು 1780ರ ಡಿಸೆಂಬರಿನಲ್ಲಿ ಬ್ರಿಟಿಷ್ ಅಡ್ಮಿರಲ್ ಎಡ್ವರ್ಡ್ ಹ್ಯೂಸ್ ನಾಶ ಮಾಡಿದ್ದ. 1791ರಲ್ಲಿ ಫೀನಿಕ್ಸ್‌ಗೆ ಎದುರು ನಿಲ್ಲುವಂಥ ಹಡಗು ಮೈಸೂರಿಗೆ ಇರಲಿಲ್ಲ.

ಈ ಕೊರತೆ ಸುಲ್ತಾನರಿಗೂ ಅರಿವಾಗಿತ್ತು. 1796ರಲ್ಲಿ ಅವರು ನೌಕಾದಳಕ್ಕಾಗಿಯೇ ಒಂದು ಇಲಾಖೆ ಮಾಡಿ, ಮೀರ್ ಯಮ್ ಎಂಬ ಅಧಿಕಾರಿಗಳನ್ನು ನೇಮಿಸಿದರು. ದೊಡ್ಡ ಯುದ್ಧನೌಕೆಗಳ ಜೊತೆಗೆ 20 ಫ್ರಿಗೇಟುಗಳನ್ನು ಕಟ್ಟುವುದು ಅವರ ಯೋಜನೆ. ಆದರೆ ಹಡಗು ಕಟ್ಟುವುದಕ್ಕೂ ನಾವಿಕರನ್ನು ತಯಾರು ಮಾಡುವುದಕ್ಕೂ ವರ್ಷಗಳು ಬೇಕು. ಅವರಿಗೆ ಸಿಕ್ಕಿದ್ದು ಮೂರೇ ವರ್ಷ. 1799ರ ಮೇ 4ರಂದು ಅವರು ಶ್ರೀರಂಗಪಟ್ಟಣದಲ್ಲಿ ಹುತಾತ್ಮರಾದರು.

ಫೀನಿಕ್ಸ್‌ನ ಸೇವೆ ಮಾತ್ರ ಮುಂದುವರಿಯಿತು. 1805ರ ಆಗಸ್ಟಿನಲ್ಲಿ ಅದು ತನಗಿಂತ ಬಲವಾದ ಡಿಡೋನ್ ಎಂಬ ಫ್ರೆಂಚ್ ಫ್ರಿಗೇಟನ್ನು ಹಿಡಿಯಿತು. ಅದೇ ವರ್ಷ ನವೆಂಬರಿನಲ್ಲಿ, ಟ್ರಫಾಲ್ಗರ್ ಕದನದಿಂದ ತಪ್ಪಿಸಿಕೊಂಡಿದ್ದ ನಾಲ್ಕು ಫ್ರೆಂಚ್ ಯುದ್ಧನೌಕೆಗಳನ್ನು ಕಂಡು, ಬ್ರಿಟಿಷ್ ದಳದತ್ತ ಸೆಳೆದು ತಂದಿತು. ಆ ದಳದ ನಾಯಕ ಅದೇ ಸ್ಟ್ರಾಹನ್! ನಾಲ್ಕೂ ಸೆರೆಯಾದವು. ಕೊನೆಗೆ 1816ರ ಫೆಬ್ರವರಿಯಲ್ಲಿ ಫೀನಿಕ್ಸ್ ತುರ್ಕಿಯ ಕರಾವಳಿಯಲ್ಲಿ ಒಡೆದುಹೋಯಿತು.

ಗೆಳೆಯರೇ, ಪರೀಕ್ಷೆಗೆ ನಾವು ಒಪ್ಪಂದಗಳ ಇಸವಿ ಬಾಯಿಪಾಠ ಮಾಡುತ್ತೇವೆ. ಮುಂದಿನ ಸಲ ಮೈಸೂರು ಯುದ್ಧಗಳನ್ನು ಓದುವಾಗ ನಕ್ಷೆಯ ಎಡಬದಿಯ ನೀಲಿ ಬಣ್ಣವನ್ನೂ ಒಮ್ಮೆ ನೋಡಿ. ಸುಲ್ತಾನರು ಅದರ ಮಹತ್ವ ತಿಳಿದಿದ್ದರು. ಕಾಲ ಮಾತ್ರ ಅವರ ಜೊತೆಗಿರಲಿಲ್ಲ.