ಡೋರಾ ಉತ್ತರಕ್ಕೆ ಕಾಯುತ್ತಾಳೆ

2009ರಲ್ಲಿ ಮಕ್ಕಳ ವಾಹಿನಿ ಚಿಂಟು ಟಿವಿ ಶುರುವಾಯಿತು, ಕಾರ್ಟೂನ್ ಹುಡುಗಿ ಡೋರಾ ಕನ್ನಡ ಮಾತಾಡತೊಡಗಿದಳು. ಅಪ್ಪ ಪೀಣ್ಯದ ಫ್ಯಾಕ್ಟರಿಗೆ, ಅಮ್ಮ ಗಾರ್ಮೆಂಟ್ಸಿಗೆ ಹೊರಟ ಮೇಲೆ ಬೆಂಗಳೂರಿನ ಲಗ್ಗೆರೆಯ ಎಷ್ಟೋ ಮನೆಗಳಲ್ಲಿ ಉಳಿಯುತ್ತಿದ್ದುದು ಅಜ್ಜಿ, ಮಗು ಮತ್ತು ಟಿವಿ. ಈಗ ಟಿವಿ ಜಾಗಕ್ಕೆ ಮೊಬೈಲ್ ಬಂದಿದೆ. ದೊಡ್ಡವರ ತಕರಾರುಗಳು ಮಾತ್ರ ಹಳೆಯವೇ.

ತಪ್ಪು ಕಲ್ಪನೆ: ಡೋರಾ ಪ್ರಶ್ನೆ ಕೇಳಿ ಪಿಳಿಪಿಳಿ ಕಣ್ಣು ಬಿಟ್ಟುಕೊಂಡು ನಿಲ್ಲುವುದು ಟೈಂ ತಳ್ಳುವ ಉಪಾಯ.
ವಾಸ್ತವ: 2000ದ ಆಗಸ್ಟ್‌ನಲ್ಲಿ ಅಮೆರಿಕದ ನಿಕೆಲೋಡಿಯನ್ ವಾಹಿನಿಯಲ್ಲಿ ಕಾರ್ಯಕ್ರಮ ಶುರುವಾದಾಗಿನಿಂದಲೂ ಆ ಮೌನ ಬೇಕೆಂದೇ ಇಟ್ಟದ್ದು. ಮೂರು ವರ್ಷದ ಮಗುವಿಗೆ ಪ್ರಶ್ನೆ ಅರ್ಥವಾಗಬೇಕು, ಪದ ನೆನಪಾಗಬೇಕು, ಆಮೇಲೆ ಬಾಯಿ ಬಿಡಬೇಕು. ಅಷ್ಟರೊಳಗೆ "ಅಲ್ಲೇ ಇದೆಯಲ್ಲೋ ಸೇತುವೆ, ಕಾಣಲ್ವಾ!" ಎಂದು ಅಜ್ಜಿ ಅಂದುಬಿಟ್ಟರೆ ಮಗುವಿನ ಸರದಿ ಹೋಯಿತು. ನಿಜಕ್ಕೂ ಕಷ್ಟದ ಕೆಲಸ ಇರುವುದು ಅಜ್ಜಿಗೇ.

ತಪ್ಪು ಕಲ್ಪನೆ: ನೋಡಿದ ಕಂತನ್ನೇ ಮತ್ತೆ ನೋಡಿದರೆ ಮಗು ದಡ್ಡವಾಗುತ್ತದೆ.
ವಾಸ್ತವ: ಡೋರಾಗಿಂತ ಮೊದಲು, 1996ರಲ್ಲಿ, ನಿಕೆಲೋಡಿಯನ್ ವಾಹಿನಿಯಲ್ಲೇ 'ಬ್ಲೂಸ್ ಕ್ಲೂಸ್' ಎಂಬ ಮಕ್ಕಳ ಕಾರ್ಯಕ್ರಮ ಬಂತು. ಅದರ ಒಂದೇ ಕಂತನ್ನು ಸೋಮವಾರದಿಂದ ಶುಕ್ರವಾರದವರೆಗೆ ದಿನಾ ಹಾಕುತ್ತಿದ್ದರು. ಸಂಶೋಧಕ ಡೇನಿಯಲ್ ಆಂಡರ್ಸನ್ ಮತ್ತು ಸಂಗಡಿಗರು ಮಕ್ಕಳಿಗೆ ಹಾಗೆಯೇ ಐದು ಸಲ ತೋರಿಸಿ ಗಮನಿಸಿದರು. ನೋಡುತ್ತಾ ಹೋದಂತೆ ಅರ್ಥವಾಗುವುದು ಹೆಚ್ಚಿತು, ಉತ್ತರ ಕೂಗುವುದೂ ಹೆಚ್ಚಿತು. ಬೇಜಾರು ಬರುವುದು ನಮಗೆ.

ತಪ್ಪು ಕಲ್ಪನೆ: ಡೋರಾಳ ಕಾರ್ಯಕ್ರಮದ ಕಳ್ಳ ನರಿ ಸ್ವೈಪರ್‌ನನ್ನು ನೋಡಿ ಮಕ್ಕಳು ಕದಿಯೋದು ಕಲೀತಾವೆ.
ವಾಸ್ತವ: ಅವನನ್ನು ಮೂರು ಸಲ ಗದರಿಸಿ ತಡೆಯುವ ಕೆಲಸ ಮಕ್ಕಳದೇ. ಆ ಮಜಾ ಬಿಟ್ಟು ಕಳ್ಳನ ಪಕ್ಷ ಯಾರು ಸೇರುತ್ತಾರೆ?

ತಪ್ಪು ಕಲ್ಪನೆ: ಮಕ್ಕಳ ಕಾರ್ಯಕ್ರಮ ಅಂದರೆ ಎಲ್ಲಾ ಒಂದೇ, ಕೂಸಿಗೂ ಹಾಕಬಹುದು.
ವಾಸ್ತವ: ಎರಡೂವರೆ ವರ್ಷದೊಳಗಿನ ಮಕ್ಕಳನ್ನು ಗಮನಿಸಿದ 2005ರ ಒಂದು ಅಮೆರಿಕನ್ ಅಧ್ಯಯನದಲ್ಲಿ ಡೋರಾ ನೋಡಿದವರ ಪದಸಂಪತ್ತು ಹೆಚ್ಚಿತ್ತು, 'ಟೆಲಿಟಬ್ಬೀಸ್' ನೋಡಿದವರದು ಕಡಿಮೆ. ಡೋರಾಳಿಂದಲೇ ಹೆಚ್ಚಿತು ಎನ್ನಲು ಅದು ಸಾಲದು. ಎಲ್ಲಾ ಒಂದೇ ಅಲ್ಲ ಎನ್ನಲು ಸಾಕು. ಹಾಗಂತ ತೊಟ್ಟಿಲಿಗೆ ಮೊಬೈಲ್ ಕಟ್ಟುವುದು ಬೇಡ. ಭಾರತೀಯ ಮಕ್ಕಳ ತಜ್ಞರ ಸಂಘ 2021ರಲ್ಲೇ ಹೇಳಿದೆ: ಎರಡು ವರ್ಷದ ತನಕ ಪರದೆ ಬೇಡ, ಐದರ ತನಕ ದಿನಕ್ಕೆ ಒಂದು ಗಂಟೆ ದಾಟಬಾರದು.

ತಪ್ಪು ಕಲ್ಪನೆ: ನೋಡಿದರೆ ಸಾಕು, ಕಲಿಕೆ ತಾನಾಗೇ ಆಗುತ್ತದೆ.
ವಾಸ್ತವ: ಪರದೆಗಿಂತ ಎದುರಿಗಿರುವ ಮನುಷ್ಯರಿಂದ ಪುಟ್ಟ ಮಕ್ಕಳು ಬೇಗ ಕಲಿಯುತ್ತವೆ. ಡೋರಾಳ ಮ್ಯಾಪ್ ಪ್ರತಿ ಸಲ ದಾರಿಯ ಮೂರು ಗುರುತು ಹೇಳಿಕೊಡುತ್ತದಲ್ಲ, ಅದನ್ನೇ ಅಂಗನವಾಡಿಗೆ ಹೋಗುವಾಗ ಆಡಿಸಿ. ಹಾಲಿನ ಬೂತ್, ಗುಡಿ, ಅಂಗನವಾಡಿ. "ಬೂತ್ ಆದಮೇಲೆ ಯಾವುದು ಪುಟ್ಟಾ?" ಅಂತ ಕೇಳಿ, ಡೋರಾ ಥರ ಸುಮ್ಮನೆ ನಿಂತುಕೊಳ್ಳಿ.