ಬೀಳಗಿಯ ಬಾಲೆ, ಮುಂಬಯಿಯ ದನಿ

ಕರ್ನಾಟಕ ಎಂಬ ಹೆಸರು ನಮ್ಮ ರಾಜ್ಯಕ್ಕೆ ಬಂದದ್ದು 1973ರಲ್ಲಿ. ಅದಕ್ಕೆ ಹಲವು ದಶಕ ಮೊದಲೇ ಹಿಂದೀ ಚಿತ್ರಗಳ ಬೆಳ್ಳಿಪರದೆಯ ಮೇಲೆ, ಗ್ರಾಮೋಫೋನ್ ತಟ್ಟೆಗಳ ಮೇಲೆ ಆ ಹೆಸರನ್ನು ಮೆರೆಸಿದ ಹೆಣ್ಣುಮಗಳೊಬ್ಬಳಿದ್ದಳು. ಆಕೆಯೇ ಬೀಳಗಿಯ ಅಮೀರಬಾಯಿ ಕರ್ನಾಟಕಿ.

ಕೃಷ್ಣಾ ಮತ್ತು ಘಟಪ್ರಭಾ ನದಿಗಳ ನಡುವಿನ ಬೀಳಗಿ ಇಂದು ಬಾಗಲಕೋಟೆ ಜಿಲ್ಲೆಯಲ್ಲಿದೆ. 1997ಕ್ಕೆ ಮೊದಲು ಅದು ವಿಜಾಪುರ ಜಿಲ್ಲೆಯ ಊರು. ಅಮೀರಬಾಯಿ ಹುಟ್ಟಿದ ಕಾಲಕ್ಕೆ ಆ ಜಿಲ್ಲೆ ಮುಂಬಯಿ ಪ್ರಾಂತಕ್ಕೆ ಸೇರಿತ್ತು. ನೆರೆಯ ಜಮಖಂಡಿ, ಮುಧೋಳಗಳು ಸಂಸ್ಥಾನಗಳಾಗಿದ್ದವು. ಮುಧೋಳ, ಜಮಖಂಡಿ, ರಬಕವಿ-ಬನಹಟ್ಟಿ ಸೀಮೆಯಲ್ಲಿ ಶ್ರೀಕೃಷ್ಣ ಪಾರಿಜಾತದ ಆಟವೆಂದರೆ ಜನ ಬೆಳಗಿನವರೆಗೂ ಕದಲದೆ ಕುಳಿತುಕೊಳ್ಳುತ್ತಿದ್ದರು. ಕನ್ನಡ, ಮರಾಠಿ ನಾಟಕ ಕಂಪನಿಗಳ ಓಡಾಟವೂ ಇತ್ತು. ಅಮೀರಬಾಯಿಯವರ ಮನೆಯೇ ನಾಟಕ ಮತ್ತು ಸಂಗೀತದ ಮನೆ. ಸಹೋದರಿ ಗೋಹರಬಾಯಿ ಮುಂದೆ ಮರಾಠಿ ರಂಗಭೂಮಿಯ ಬಾಲಗಂಧರ್ವರೊಂದಿಗೆ ನಟಿಸಿ ಹೆಸರಾದರು. ಆದರೆ ರಂಗದ ಮೇಲೆ ಹಾಡುವ ಹೆಣ್ಣುಮಕ್ಕಳಿಗೆ ಚಪ್ಪಾಳೆ ಸಿಗುತ್ತಿದ್ದಷ್ಟು ಸುಲಭವಾಗಿ ಆ ದಿನಗಳಲ್ಲಿ ಮರ್ಯಾದೆ ಸಿಗುತ್ತಿರಲಿಲ್ಲ ಎಂಬುದನ್ನು ಮರೆಯಬಾರದು.

ಮಾತು ಕಲಿತ ಚಿತ್ರ

ಅಮೀರಬಾಯಿ ಮುಂಬಯಿ ಸೇರಿದ್ದು ಹದಿಹರೆಯದಲ್ಲಿಯೇ. 1931ರಲ್ಲಿ ‘ಆಲಂ ಆರಾ’ ಚಿತ್ರದಿಂದ ಭಾರತೀಯ ಸಿನಿಮಾ ಮಾತು ಕಲಿಯಿತು. ಮೂರು ವರ್ಷಗಳ ಬಳಿಕ, 1934ರಲ್ಲಿ, ‘ವಿಷ್ಣುಭಕ್ತಿ’ ಚಿತ್ರದಲ್ಲಿ ಅಮೀರಬಾಯಿ ಬಣ್ಣ ಹಚ್ಚಿದರು. 1940ರ ‘ನರಸಿ ಭಗತ್’ ಅವರು ನಟಿಸಿದ ಗಮನಾರ್ಹ ಚಿತ್ರಗಳಲ್ಲೊಂದು.

ಮೊದಲ ವಾಕ್ಚಿತ್ರಗಳಲ್ಲಿ ಹಾಡು ಬರಲಾರದವರಿಗೆ ನಾಯಕ-ನಾಯಕಿಯ ಪಾತ್ರ ಸಿಗುವುದು ಕಷ್ಟವಿತ್ತು. ಇದಕ್ಕೆ ಕಾರಣ ಯಂತ್ರ. ಚಿತ್ರ ಮತ್ತು ಧ್ವನಿ ಎರಡನ್ನೂ ಏಕಕಾಲಕ್ಕೆ ಹಿಡಿಯಬೇಕಾಗಿತ್ತು. ನಟಿ ಕ್ಯಾಮೆರಾದ ಮುಂದೆ ನಟಿಸುತ್ತಲೇ ಹಾಡಬೇಕು, ವಾದ್ಯದವರು ಕ್ಯಾಮೆರಾದ ಕಣ್ಣಿಗೆ ಬೀಳದಂತೆ ಕುಳಿತು ನುಡಿಸಬೇಕು. 1935ರ ‘ಧೂಪ್ ಛಾಂವ್’ ಚಿತ್ರದಿಂದ ಹಿನ್ನೆಲೆ ಗಾಯನ ರೂಢಿಗೆ ಬಂತು. ಹಾಡನ್ನು ಮೊದಲೇ ಧ್ವನಿಮುದ್ರಿಸಿ, ಚಿತ್ರೀಕರಣದ ವೇಳೆ ಅದನ್ನು ನುಡಿಸಿದರೆ, ನಟಿ ತುಟಿ ಅಲ್ಲಾಡಿಸಿದರೆ ಸಾಕು. ಹೀಗೆ ಮುಖ ಬೇರೆ, ದನಿ ಬೇರೆಯಾಯಿತು. ಗಾಯನ ತನ್ನಷ್ಟಕ್ಕೇ ಒಂದು ಉದ್ಯೋಗವಾಯಿತು. ನಟಿಯಾಗಿ ಬಂದಿದ್ದ ಅಮೀರಬಾಯಿಗೆ ಎರಡನೆಯ ಬಾಗಿಲು ತೆರೆದದ್ದು ಹೀಗೆ.

‘ಕಿಸ್ಮತ್’ ತಂದ ಕೀರ್ತಿ

ಆ ಬಾಗಿಲಿನಿಂದ ಕೀರ್ತಿ ಒಳಬಂದದ್ದು 1943ರಲ್ಲಿ. ಬಾಂಬೆ ಟಾಕೀಸಿನ ‘ಕಿಸ್ಮತ್’ ಚಿತ್ರಕ್ಕೆ ಅನಿಲ್ ಬಿಸ್ವಾಸ್ ಸಂಗೀತ ನೀಡಿದ್ದರು. ತೆರೆಯ ಮೇಲೆ ಕಂಡದ್ದು ನಾಯಕಿ ಮುಮ್ತಾಜ್ ಶಾಂತಿ, ಕೇಳಿಸಿದ್ದು ಬೀಳಗಿಯ ದನಿ. ಕಲಕತ್ತೆಯ ರಾಕ್ಸಿ ಚಿತ್ರಮಂದಿರದಲ್ಲಿ ಈ ಚಿತ್ರ ಮೂರು ವರ್ಷಕ್ಕೂ ಮಿಕ್ಕಿ ಓಡಿತು.

ಅದರಲ್ಲಿ ಕವಿ ಪ್ರದೀಪ್ ಬರೆದ ದೇಶಭಕ್ತಿಯ ಹಾಡೊಂದಿತ್ತು. ಅಮೀರಬಾಯಿ ಮತ್ತು ಖಾನ್ ಮಸ್ತಾನಾ ಅದನ್ನು ಹಾಡಿದ್ದರು. ಆಗ ಎರಡನೆಯ ಮಹಾಯುದ್ಧ ನಡೆದಿತ್ತು, ‘ಚಲೇಜಾವ್’ ಚಳವಳಿ ಕಾವೇರಿತ್ತು. ಹಾಡಿನಲ್ಲಿ ಹೆಸರಿಸಿದ್ದು ಜರ್ಮನ್ನರನ್ನು ಮತ್ತು ಜಪಾನೀಯರನ್ನು. ಬ್ರಿಟಿಷರ ಸೆನ್ಸಾರಿನಿಂದ ಅದು ಪಾರಾಯಿತು, ಆದರೆ ಹಾಡು ಯಾರನ್ನು ಕುರಿತದ್ದೆಂದು ಪ್ರೇಕ್ಷಕರಿಗೆ ತಿಳಿಯದೇ ಇರಲಿಲ್ಲ.

ಮರುವರ್ಷವೇ ನೌಶಾದರ ಸಂಗೀತದ ‘ರತನ್’ ಚಿತ್ರದಲ್ಲಿಯೂ ಅವರ ಹಾಡು ಮನೆಮಾತಾಯಿತು. ಗುಜರಾತಿ ಚಿತ್ರಗಳಿಗೂ ಅವರು ಹಾಡಿದರು. 1948ರಲ್ಲಿ ‘ಶಹನಾಜ್’ ಚಿತ್ರಕ್ಕೆ ಸಂಗೀತ ನಿರ್ದೇಶಕಿಯಾದರು. ಬೆರಳೆಣಿಕೆಯ ಮಹಿಳೆಯರಷ್ಟೇ ಕುಳಿತ ಪೀಠ ಅದು.

ಇಳಿಗಾಲದಲ್ಲಿಯೂ ದುಡಿಮೆ

ಬದುಕು ಬರೀ ಚಪ್ಪಾಳೆಯಾಗಿರಲಿಲ್ಲ. ಕೀರ್ತಿಯ ದಿನಗಳಲ್ಲಿಯೇ ದಾಂಪತ್ಯದಲ್ಲಿ ಹಿಂಸೆ ಅನುಭವಿಸಿ, ಅದರಿಂದ ಬಿಡಿಸಿಕೊಂಡು ಹೊರಬಂದರು. 1949ರಲ್ಲಿ ‘ಮಹಲ್’, ‘ಬರಸಾತ್’ ಚಿತ್ರಗಳು ಬಂದವು. ಲತಾ ಮಂಗೇಶ್ಕರರ ನವಿರಾದ ಕಂಠಕ್ಕೆ ದೇಶ ಮಾರುಹೋಯಿತು. ರಂಗಭೂಮಿಯ ತುಂಬುದನಿಗೆ ಬೇಡಿಕೆ ಕುಗ್ಗಿತು. ಅಮೀರಬಾಯಿ ಕೈಕಟ್ಟಿ ಕುಳಿತುಕೊಳ್ಳಲಿಲ್ಲ. ಮತ್ತೆ ನಟನೆಗೆ ಮರಳಿ ಪೋಷಕ ಪಾತ್ರಗಳನ್ನು ಮಾಡಿದರು. ದನಿಗೆ ಬೇಡಿಕೆ ತಗ್ಗಿದಾಗ ಮೊದಲು ಕಲಿತ ಅಭಿನಯವೇ ಕೈಹಿಡಿಯಿತು.

ತವರು ನಾಡನ್ನೂ ಅವರು ಮರೆಯಲಿಲ್ಲ. ವಿಜಯಪುರದಲ್ಲಿ ಅವರ ಹೆಸರಿನಲ್ಲಿ ‘ಅಮೀರ್ ಟಾಕೀಸ್’ ಎದ್ದು ನಿಂತಿತು. 1965ರ ಮಾರ್ಚ್ 3ರಂದು ಅವರು ತೀರಿಕೊಂಡರು. ಆಮೇಲೆ ಬಹುಕಾಲ ಈ ಭಾಗದ ಮಕ್ಕಳಿಗೇ ಅವರ ಹೆಸರು ಅಪರಿಚಿತವಾಗಿತ್ತು. ರಹಮತ್ ತರೀಕೆರೆಯವರು ಜೀವನಚರಿತ್ರೆ ಬರೆದು ಅವರನ್ನು ಕನ್ನಡಿಗರಿಗೆ ಮತ್ತೆ ಪರಿಚಯಿಸಿದರು.

ಮಗಳು ಹಾಡುತ್ತಾಳೆ, ಮಗ ನಾಟಕದಲ್ಲಿ ಪಾತ್ರ ಮಾಡುತ್ತಾನೆ ಎಂದರೆ ಓದು ಕೆಟ್ಟಿತೆಂದು ಅನೇಕ ಪಾಲಕರು ಹೆದರುತ್ತಾರೆ. ಇನ್ನು ಕೆಲವರು ಟಿ.ವಿ. ಸ್ಪರ್ಧೆಯಲ್ಲಿ ಒಂದು ಬಹುಮಾನ ಬಂದೊಡನೆ ಪುಸ್ತಕ ಮುಚ್ಚಿಸಿಬಿಡುತ್ತಾರೆ. ಎರಡೂ ತಪ್ಪು. ಹೊಸ ಯಂತ್ರ ಬಂದಾಗ, ಜನರ ಅಭಿರುಚಿ ಬದಲಾದಾಗ ಯಾವ ಉದ್ಯೋಗವೂ ಮೊದಲಿನಂತೆ ಉಳಿಯುವುದಿಲ್ಲ. ಅಮೀರಬಾಯಿಯನ್ನು ಕಾಪಾಡಿದ್ದು ಒಂದು ಕಲೆಯಲ್ಲ, ಒಂದರ ಜೊತೆಗೆ ಇನ್ನೊಂದನ್ನು ಕಲಿತುಕೊಂಡ ಶ್ರದ್ಧೆ. ಶಾಲೆಯ ಓದಿನ ಜೊತೆಗೆ ಮಕ್ಕಳಿಗೊಂದು ಕಲೆಯಿರಲಿ, ಕಲೆಯಿದ್ದ ಮಕ್ಕಳ ಓದು ಬಿಡದಿರಲಿ.