ಅಬಕಾರಿ ಕೇಸಿನ ಗಾಡಿ: ಬೇಲ್ ಆದರೂ ಯಾಕೆ ಬಿಡುವುದಿಲ್ಲ?

ಗೋವಾ ಕಡೆಯಿಂದ ಹೊರಟ ಗಾಡಿ ಕಾರವಾರದ ಮಾಜಾಳಿ ದಾಟಿ, ರಾಷ್ಟ್ರೀಯ ಹೆದ್ದಾರಿ 66ರಲ್ಲೇ ದಕ್ಷಿಣಕ್ಕೆ ಬಂದರೆ ಶಿರೂರಿನಲ್ಲಿ ಉಡುಪಿ ಜಿಲ್ಲೆ ಸೇರುತ್ತದೆ. ಗೋವಾದಲ್ಲಿ ಮದ್ಯದ ತೆರಿಗೆ ಕಡಿಮೆ, ಬಾಟಲಿ ಅಗ್ಗ. ಆ ಅಗ್ಗದ ಬಾಟಲಿಯ ಆಸೆಗೆ ಲಕ್ಷಾಂತರ ರೂಪಾಯಿಯ ಗಾಡಿ ಸಿಕ್ಕಿಬೀಳುತ್ತದೆ. ಆಮೇಲೆ ಬೈಂದೂರು, ಕುಂದಾಪುರ, ಬ್ರಹ್ಮಾವರದ ಮನೆಯವರು ಗಾಡಿ ಬಿಡಿಸಲು ಓಡಾಡುವಾಗ, ಕೇಸಿಗಿಂತ ಹೆಚ್ಚು ತೊಂದರೆ ಕೊಡುವುದು ಅವರಿವರು ಹೇಳಿದ ತಪ್ಪು ಸಲಹೆಗಳು.

ತಪ್ಪು ಕಲ್ಪನೆ: ‘ಬೇಲ್ ಆಯ್ತಲ್ದಾ, ಇನ್ನ್ ಗಾಡಿಯೂ ಬತ್ತ್.’

ಸತ್ಯ: ಜಾಮೀನು ಆರೋಪಿಗೆ ಸಂಬಂಧಿಸಿದ್ದು, ಗಾಡಿಯ ವಿಚಾರಣೆಯೇ ಬೇರೆ. ಕರ್ನಾಟಕ ಅಬಕಾರಿ ಕಾಯ್ದೆ 1965ರ ಪ್ರಕಾರ ಅಕ್ರಮ ಮದ್ಯದ ಜೊತೆಗೆ ಅದನ್ನು ಸಾಗಿಸಿದ ವಾಹನವನ್ನೂ ಸರ್ಕಾರ ಮುಟ್ಟುಗೋಲು ಹಾಕಿಕೊಳ್ಳಬಹುದು. 43ಎ ಕಲಮಿನಡಿ ಈ ವಿಚಾರಣೆ ನಡೆಸುವುದು ಅಧಿಕೃತ ಅಧಿಕಾರಿ, ಅಂದರೆ ಸಾಮಾನ್ಯವಾಗಿ ಜಿಲ್ಲೆಯ ಅಬಕಾರಿ ಉಪ ಆಯುಕ್ತರು. ಡ್ರೈವರ್ ಜಾಮೀನಿನ ಮೇಲೆ ಮನೆಗೆ ಬಂದ ಮೇಲೂ ಗಾಡಿಯ ಫೈಲು ಅಲ್ಲೇ ಇರುತ್ತದೆ.

ತಪ್ಪು ಕಲ್ಪನೆ: ಸುಪ್ರೀಂ ಕೋರ್ಟ್ ತೀರ್ಪು ತೋರಿಸಿದರೆ ಯಾವ ಮ್ಯಾಜಿಸ್ಟ್ರೇಟರಾದರೂ ಗಾಡಿ ಬಿಡುತ್ತಾರೆ.

ಸತ್ಯ: ಹೀಗೆ ನಂಬುವವರು ನೆಚ್ಚಿಕೊಳ್ಳುವುದು 2002ರ ಸುಂದರಭಾಯಿ ಅಂಬಾಲಾಲ್ ದೇಸಾಯಿ ಪ್ರಕರಣವನ್ನು. ಠಾಣೆಯ ಮುದ್ದಾಮಾಲನ್ನು ಪೊಲೀಸರೇ ದುರುಪಯೋಗ ಮಾಡಿಕೊಂಡ ಆರೋಪ ಗುಜರಾತಿನಲ್ಲಿ ಕೇಳಿಬಂದಾಗ ಬಂದ ತೀರ್ಪು ಇದು. ವಾಹನಗಳನ್ನು ಠಾಣೆಯ ಅಂಗಳದಲ್ಲಿ ಕೊಳೆಸಬೇಡಿ. ಫೋಟೊ ತೆಗೆದು, ಪಂಚನಾಮೆ ಮಾಡಿ, ಬಾಂಡ್ ಮತ್ತು ಭದ್ರತೆ ಪಡೆದು ಬಿಡಿ ಎಂದು ಸುಪ್ರೀಂ ಕೋರ್ಟ್ ಹೇಳಿತು. ನಮ್ಮ ಕರಾವಳಿಯ ಉಪ್ಪುಗಾಳಿಗೆ, ನಾಲ್ಕು ತಿಂಗಳ ಮಳೆಗೆ ಒಡ್ಡಿದ ಕಾರಿನ ಬಾಗಿಲಂಚು ತುಕ್ಕು ಹಿಡಿದು ಪುಡಿಯಾಗುವುದನ್ನು ನೋಡಿದವರಿಗೆ ಈ ಮಾತಿನ ಬೆಲೆ ಗೊತ್ತು.

ಆದರೆ ವಿಶೇಷ ಕಾನೂನು ಮುಟ್ಟುಗೋಲಿನ ಅಧಿಕಾರವನ್ನು ಬೇರೆ ಅಧಿಕಾರಿಗೆ ಕೊಟ್ಟಿದ್ದರೆ ಲೆಕ್ಕ ಬದಲಾಗುತ್ತದೆ. ಕರ್ನಾಟಕ ಅರಣ್ಯ ಕಾಯ್ದೆಯಡಿ ಹಿಡಿದ ವಾಹನದ ಬಗ್ಗೆ 2002ರ ಕುಂಞಿಂದಮ್ಮದ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನೇ ಹೇಳಿತು. ದಿಲ್ಲಿ ಅಬಕಾರಿ ಕಾಯ್ದೆಗೆ ಸಂಬಂಧಿಸಿದ ನರೇಂದರ್ ಪ್ರಕರಣದಲ್ಲೂ (2014) ಮ್ಯಾಜಿಸ್ಟ್ರೇಟರಿಗೆ ಗಾಡಿ ಬಿಡುವ ಅಧಿಕಾರವಿಲ್ಲವೆಂದು ತೀರ್ಪಾಯಿತು. ಹಾಗಾಗಿ ಅರ್ಜಿ ಬರೆಸುವ ಮೊದಲೇ ಗಾಡಿಯನ್ನು ಯಾರ ಮುಂದೆ ಹಾಜರುಪಡಿಸಿದ್ದಾರೆ, 43ಎ ನಡಾವಳಿ ಶುರುವಾಗಿದೆಯೇ ಎಂದು ವಕೀಲರ ಮೂಲಕ ವಿಚಾರಿಸಬೇಕು. ತಪ್ಪು ಕಡೆ ಹಾಕಿದ ಅರ್ಜಿ ವಜಾ ಆಗುವಷ್ಟರಲ್ಲಿ ತಿಂಗಳುಗಳು ಕಳೆದಿರುತ್ತವೆ, ಗಾಡಿ ಸಾಲದ ಕಂತು ಮಾತ್ರ ನಿಂತಿರುವುದಿಲ್ಲ.

ತಪ್ಪು ಕಲ್ಪನೆ: ಓನರ್ ಗಾಡಿಯಲ್ಲಿ ಇರಲಿಲ್ಲ ಎಂದರೆ ಸಾಕು.

ಸತ್ಯ: ಸಾಲದು. ಮುಟ್ಟುಗೋಲಿಗೆ ಮುನ್ನ ಮಾಲೀಕರಿಗೆ ಕಾರಣ ಕೇಳಿ ನೋಟಿಸ್ ಕೊಡಲೇಬೇಕು, ಅವರ ಮಾತು ಕೇಳಲೇಬೇಕು. ಆದರೆ ತನಗೆ ಗೊತ್ತಿಲ್ಲದೆ, ತನ್ನ ಒಪ್ಪಿಗೆಯಿಲ್ಲದೆ ಗಾಡಿ ಬಳಕೆಯಾಯಿತು, ತಾನು ಎಚ್ಚರಿಕೆಯನ್ನೂ ವಹಿಸಿದ್ದೆ ಎಂದು ತೋರಿಸುವ ಹೊಣೆ ಮಾಲೀಕರದ್ದು. ಟ್ರಿಪ್ ಶೀಟ್, ಬಾಡಿಗೆ ಕರಾರು, ಜಿಪಿಎಸ್ ದಾಖಲೆ, ಡ್ರೈವರಿಗೆ ಕಳಿಸಿದ ಸಂದೇಶ ಇಲ್ಲಿ ಕೆಲಸಕ್ಕೆ ಬರುತ್ತವೆ. ನೋಟಿಸಿಗೆ ಉತ್ತರವನ್ನೇ ಕೊಡದೆ ಕೂತವರ ಪರವಾಗಿ ಫೈಲಿನಲ್ಲಿ ಏನೂ ಉಳಿಯುವುದಿಲ್ಲ.

ಸೆಕೆಂಡ್ ಹ್ಯಾಂಡ್ ಗಾಡಿ ಕೊಂಡು ಆರ್‌ಸಿ ಬದಲಾಯಿಸದವರ ಪಾಡು ಇನ್ನೂ ಕಷ್ಟ. ದುಡ್ಡು ಕೊಟ್ಟವರು ಇವರು, ದಾಖಲೆಯಲ್ಲಿರುವ ಹೆಸರು ಹಳೆಯ ಮಾಲೀಕರದ್ದು.

ತಪ್ಪು ಕಲ್ಪನೆ: ಒಮ್ಮೆ ಬಿಟ್ಟರೆ ಗಾಡಿ ನಮ್ಮದೇ.

ಸತ್ಯ: ವಿಚಾರಣೆ ಮುಗಿಯುವ ಮೊದಲು ಸಿಗುವುದು ಮಧ್ಯಂತರ ಕಸ್ಟಡಿ ಮಾತ್ರ. ಮಾರಬಾರದು, ಬಣ್ಣ ಅಥವಾ ಸ್ವರೂಪ ಬದಲಿಸಬಾರದು, ಕರೆದಾಗ ಹಾಜರುಪಡಿಸಬೇಕು ಎಂಬ ಷರತ್ತುಗಳು ಸಾಮಾನ್ಯ. ಕರ್ನಾಟಕದ ಅರಣ್ಯ ಪ್ರಕರಣವೊಂದರಲ್ಲಿ ಸುಪ್ರೀಂ ಕೋರ್ಟ್ 2000ದಲ್ಲಿ ಬ್ಯಾಂಕ್ ಗ್ಯಾರಂಟಿಯೇ ಕನಿಷ್ಠ ಷರತ್ತಾಗಬೇಕು ಎಂದಿತ್ತು.

ತಪ್ಪು ಕಲ್ಪನೆ: ಮುಟ್ಟುಗೋಲು ಆದೇಶ ಬಂದರೆ ಅಲ್ಲಿಗೆ ಮುಗಿಯಿತು.

ಸತ್ಯ: ಮೇಲ್ಮನವಿಗೆ ಅವಕಾಶವಿದೆ. ಕಾಲಮಿತಿ ಮೀರಬಾರದು, ಅಷ್ಟೆ. ಕೇಸಿನಲ್ಲಿ ಖುಲಾಸೆಯಾದರೆ ಅದಕ್ಕೂ ತೂಕವಿದೆ. ಮಧ್ಯಪ್ರದೇಶದ ಗೋಹತ್ಯೆ ನಿಷೇಧ ಕಾಯ್ದೆಯಡಿ ಹಿಡಿದಿದ್ದ ಲಾರಿಯ ವಿಷಯದಲ್ಲಿ, ಆರೋಪಿಗಳು ಖುಲಾಸೆಯಾದ ಮೇಲೂ ಉಳಿದಿದ್ದ ಮುಟ್ಟುಗೋಲನ್ನು ಸುಪ್ರೀಂ ಕೋರ್ಟ್ 2022ರಲ್ಲಿ ಅಬ್ದುಲ್ ವಹಾಬ್ ಪ್ರಕರಣದಲ್ಲಿ ರದ್ದುಪಡಿಸಿತು. ಆದರೆ ಖುಲಾಸೆಯಾದ ಮಾತ್ರಕ್ಕೆ ಗಾಡಿ ತಾನಾಗಿ ಮನೆಗೆ ಬರುವುದಿಲ್ಲ. ತೀರ್ಪಿನ ದೃಢೀಕೃತ ಪ್ರತಿ, ಆರ್‌ಸಿ, ವಿಮೆ, ಜಪ್ತಿ ಮಹಜರಿನ ಪ್ರತಿ ಇಟ್ಟು ಮಾಲೀಕರೇ ಅರ್ಜಿ ಹಾಕಬೇಕು.